ಅಪ್ಪನ ಮಾರುತಿ 800ರ ಮೀಟರ್ ರಿಪೇರಿ: ಮೂರು ವರ್ಷ ಓಡಿಸಿದ ಮೇಲೆ

2023ರ ಜನವರಿಯಲ್ಲಿ ನಮ್ಮ ಹಳೇ ಮಾರುತಿ 800ರ ಮೀಟರ್ ಬಿಚ್ಚಿಸಿ ರಿಪೇರಿ ಮಾಡಿಸಿದೆ. ಕೇಬಲ್, ಕೂಲಿ ಎಲ್ಲ ಸೇರಿ 1,850 ರೂಪಾಯಿ ಆಯಿತು. ಮಾಡಿಸಿದ ವಾರದಲ್ಲೇ ಬರೆದಿದ್ದರೆ ಐದಕ್ಕೆ ಐದು ಕೊಡುತ್ತಿದ್ದೆ. ಈಗ ಮೂರು ವರ್ಷ, ಸುಮಾರು ಹನ್ನೆರಡು ಸಾವಿರ ಕಿಲೋಮೀಟರ್ ಆದ ಮೇಲೆ ನಾಲ್ಕು ಕೊಡುತ್ತೇನೆ. ಆ ಒಂದು ಹೋಗಿದ್ದರಲ್ಲಿ ಮುಕ್ಕಾಲು ಪಾಲು ನನ್ನದೇ ತಪ್ಪು, ಅದನ್ನೂ ಹೇಳುತ್ತೇನೆ.

ಗಾಡಿ 1998ರದು. ಅಪ್ಪ ತುಮಕೂರಿನಲ್ಲಿ ಹೊಸದಾಗಿ ತೆಗೆದುಕೊಂಡಿದ್ದು. ಈಗಿನ ಕಾರುಗಳ ಹಾಗೆ ಸೆನ್ಸರ್ ಗಿನ್ಸರ್ ಇಲ್ಲ, ಗೇರ್ ಬಾಕ್ಸ್‌ನಿಂದ ಒಂದು ಕೇಬಲ್ ಬಂದು ಮೀಟರಿನ ಬೆನ್ನಿಗೆ ಸಿಕ್ಕಿಕೊಳ್ಳುತ್ತದೆ, ಚಕ್ರ ತಿರುಗಿದರೆ ಅದೂ ತಿರುಗುತ್ತದೆ, ಅಷ್ಟೇ. ಅಪ್ಪನಿಗೆ ಒಂದು ಅಭ್ಯಾಸ. ಪೆಟ್ರೋಲ್ ಹಾಕಿಸಿದಾಗಲೆಲ್ಲ ಡೈರಿಯಲ್ಲಿ ತಾರೀಕು, ಲೀಟರು, ಮೀಟರಿನ ನಂಬರು (ಅಂದರೆ ಅಲ್ಲಿಯವರೆಗೆ ಗಾಡಿ ಓಡಿದ ಕಿಲೋಮೀಟರ್) ಬರೆಯೋದು. 2021ರ ಒಂದು ಪುಟದಲ್ಲಿ 86,412 ಅಂತಿದೆ. ಅದರ ಕೆಳಗಿನ ಸಾಲಿನಲ್ಲೂ 86,412. ಅದರ ಕೆಳಗೆ ಬರೀ ಲೀಟರು.

ಅದು ಒಂದೇ ದಿನ ನಿಂತಿದ್ದಲ್ಲ. ಮೊದಲು ಸ್ಪೀಡಿನ ಮುಳ್ಳು ನಡುಗಲು ಶುರುವಾಯಿತು. ನಲವತ್ತರಲ್ಲಿ ಹೋಗುತ್ತಿದ್ದರೆ ಮುಳ್ಳು ಮೂವತ್ತರಿಂದ ಅರವತ್ತಕ್ಕೆ ಉಯ್ಯಾಲೆ ಆಡೋದು, ಜೊತೆಗೆ ಡ್ಯಾಶ್‌ಬೋರ್ಡ್ ಒಳಗಿಂದ ಟಿಕ್ ಟಿಕ್ ಟಿಕ್ ಅಂತ ಸದ್ದು. ಒಂದು ದಿನ ಸದ್ದು ನಿಂತಿತು. ಅಬ್ಬ ಅಂದುಕೊಂಡು ನೋಡಿದರೆ ಮುಳ್ಳು ಸೊನ್ನೆಯಲ್ಲಿ ಮಲಗಿದೆ. ಹತ್ತಿರದ ಗ್ಯಾರೇಜಿನಲ್ಲಿ ಕೇಬಲ್ ಕಟ್ ಆಗಿದೆ ಅಂದರು, ಹೊಸದು ಹಾಕಿದರು, ಕೈತುಂಬ ಗ್ರೀಸ್ ಮೆತ್ತಿದರು. ಹಾಕಿದ ದಿನವೇ ನಂಬರು ಕದಲಲಿಲ್ಲ, ಮುಳ್ಳು ಮಾತ್ರ ಎದ್ದಿತು. ನಾಲ್ಕೇ ತಿಂಗಳು, ಆ ಕೇಬಲ್ಲೂ ಹೋಯಿತು. ಎರಡನೇ ಸಲ ಹೋದಾಗ "ಸಾರ್, ಫುಲ್ ಸೆಟ್ ಚೇಂಜ್ ಮಾಡಿಬಿಡಿ, ಗುಜರಿಯಲ್ಲಿ ಸಿಗುತ್ತೆ, ನಾಲ್ಕೂವರೆ ಸಾವಿರಕ್ಕೆ ಮುಗಿಸಿಕೊಡ್ತೀನಿ" ಅಂದರು. ಗುಜರಿ ಮೀಟರ್ ಹಾಕಿದರೆ ಯಾರದೋ ಗಾಡಿಯ ನಂಬರು ನಮ್ಮ ಗಾಡಿಯಲ್ಲಿ ಓಡುತ್ತದೆ. ಅದು ನನಗೆ ಇಷ್ಟವಾಗಲಿಲ್ಲ. ಸುಮ್ನೆ ಬಂದುಬಿಟ್ಟೆ. ಆಮೇಲೆ ಒಂದು ವರ್ಷ ಅಂದಾಜಿನಲ್ಲೇ ಓಡಿಸಿದೆ. ಅಷ್ಟರಲ್ಲಿ ಮೀಟರಿನ ಲೈಟು ಅರ್ಧ ಹೋಗಿತ್ತು, ಪೆಟ್ರೋಲ್ ಮುಳ್ಳು ತನಗೆ ಬೇಕಾದಾಗ ಏಳುತ್ತಿತ್ತು.

ಕೊನೆಗೆ ಎಬ್ಬಿಸಿದ್ದು ಆರ್‌ಟಿಓ. ಸ್ವಂತ ಕಾರಿಗೆ ಹದಿನೈದು ವರ್ಷ ಆದ ಮೇಲೆ ಐದೈದು ವರ್ಷಕ್ಕೆ ನೋಂದಣಿ ನವೀಕರಣ ಮಾಡಿಸಬೇಕಲ್ಲ, ನಮ್ಮದು 2013, 2018 ಮುಗಿದು 2023ಕ್ಕೆ ಬಂದಿತ್ತು. ಹಿಂದೆ 600 ರೂಪಾಯಿ ಇದ್ದ ಫೀಸು 2022ರ ಏಪ್ರಿಲ್‌ನಿಂದ 5,000 ಆಗಿತ್ತು. ಅಷ್ಟು ಕಟ್ಟಿ, ಗಾಡಿ ತೋರಿಸಿ, "ಸ್ಪೀಡೋಮೀಟರ್ ಓಡ್ತಿಲ್ಲ, ರೆಡಿ ಮಾಡಿಸ್ಕೊಂಡು ಬನ್ನಿ" ಅನ್ನಿಸಿಕೊಳ್ಳೋದು ಯಾರಿಗೆ ಬೇಕು?

ಗೆಳೆಯನೊಬ್ಬ ಬೆಂಗಳೂರಿನ ಜೆ.ಸಿ. ರಸ್ತೆಗೆ ಹೋಗು ಅಂದ. ಮುಖ್ಯ ರಸ್ತೆಯಲ್ಲಿ ಸೀಟ್ ಕವರ್, ಹಾರ್ನ್, ಮ್ಯೂಸಿಕ್ ಸಿಸ್ಟಮ್ ಅಂಗಡಿಗಳು ಸಾಲಾಗಿವೆ, ನಮಗೆ ಬೇಕಾದ್ದು ಒಳಗಿನ ಸಂದಿಯಲ್ಲಿ. ಒಂದು ಮೇಜು, ಒಂದು ಟ್ಯೂಬ್‌ಲೈಟು, ಗೋಡೆ ತುಂಬ ಲಾರಿ, ಅಂಬಾಸಡರ್, ಸ್ಕೂಟರ್ ಮೀಟರುಗಳು. ಅಂಗಡಿಯ ಯಜಮಾನರು ವಯಸ್ಸಾದವರು, ಕಣ್ಣಿಗೆ ವಾಚ್ ರಿಪೇರಿಯವರ ಗಾಜು. ಬಾನೆಟ್ ತೆಗೆಯಲು ಹೇಳಲಿಲ್ಲ, ಗಾಡಿ ಸ್ಟಾರ್ಟ್ ಮಾಡಲೂ ಹೇಳಲಿಲ್ಲ. ಕೇಳಿದ್ದು ಒಂದೇ ಪ್ರಶ್ನೆ.

"ಮುಳ್ಳು ನಿಂತಿದೆಯೋ, ನಂಬರು ನಿಂತಿದೆಯೋ, ಎರಡೂನೋ?"

ಈ ಪ್ರಶ್ನೆಯಲ್ಲೇ ಅರ್ಧ ರಿಪೇರಿ ಇದೆ. ಎರಡೂ ಒಟ್ಟಿಗೆ ನಿಂತಿದ್ದರೆ ಕೇಬಲ್ಲು ಅಥವಾ ಗೇರ್ ಬಾಕ್ಸ್‌ನಲ್ಲಿ ಅದನ್ನು ತಿರುಗಿಸುವ ಚಿಕ್ಕ ಹಲ್ಲುಚಕ್ರ. ನಂಬರು ಓಡುತ್ತಿದ್ದು ಮುಳ್ಳು ಮಾತ್ರ ನಿಂತಿದ್ದರೆ ಮೀಟರಿನ ಒಳಗಿನ ತೊಂದರೆ. ಮುಳ್ಳು ಓಡುತ್ತಿದ್ದು ನಂಬರು ನಿಂತಿದ್ದರೆ ಪ್ಲಾಸ್ಟಿಕ್ ಗೇರ್ ಒಡೆದಿದೆ. ಇನ್ನು ಪೆಟ್ರೋಲ್, ಹೀಟ್ ಮುಳ್ಳುಗಳೆರಡೂ ಒಟ್ಟಿಗೆ ಹುಚ್ಚಾಟ ಆಡಿದರೆ ಅರ್ತ್ ನೋಡಬೇಕು, ಇಲ್ಲವೇ ಅವಕ್ಕೆ ಬರುವ ಕರೆಂಟು ನೋಡಬೇಕು, ಮುಳ್ಳುಗಳನ್ನಲ್ಲ. ನಮ್ಮದರಲ್ಲಿ ಎರಡೂ ನಿಂತಿತ್ತು, ಅಂದರೆ ಕೇಬಲ್ಲು. ಆದರೆ ಹೊಸ ಕೇಬಲ್ ನಾಲ್ಕು ತಿಂಗಳಿಗೇ ಕಟ್ ಆಯಿತು ಅಂದಾಗ ಅವರು ಮೀಟರಿನ ಹಿಂದಿನ ಚೌಕ ತೂತಿಗೆ ಒಂದು ತುಂಡು ಕೇಬಲ್ ಸಿಕ್ಕಿಸಿ ಬೆರಳಲ್ಲಿ ತಿರುಗಿಸಿದರು. ಬಿಗಿ. "ಇಲ್ಲಿ ಜಾಮ್ ಆಗಿದ್ರೆ ಎಷ್ಟು ಕೇಬಲ್ ಹಾಕಿದ್ರೂ ಅದು ಕಟ್ ಆಗ್ಲೇಬೇಕು ಸಾರ್."

ಬಿಚ್ಚಿದಾಗ ಒಳಗೆ ಕಂಡಿದ್ದು ಆ ಕೈತುಂಬ ಗ್ರೀಸು. ಕೇಬಲ್ ತಿರುಗಿ ತಿರುಗಿ ಗ್ರೀಸನ್ನು ಬೋರ್‌ವೆಲ್ ನೀರಿನ ಹಾಗೆ ಮೇಲಕ್ಕೆ ಎತ್ತಿದೆ, ಮೀಟರ್ ಒಳಗೆ ಸುರಿದಿದೆ, ಅದು ಧೂಳಿನ ಜೊತೆ ಸೇರಿ ಡಾಂಬರಾಗಿದೆ. ಈ ಮೀಟರಿನ ಕೆಲಸ ನೋಡಿದ ಮೇಲೆ ನನಗೆ ಇದರ ಮೇಲೆ ಮರ್ಯಾದೆ ಬಂತು. ಕೇಬಲ್ಲು ಒಂದು ಅಯಸ್ಕಾಂತವನ್ನು ತಿರುಗಿಸುತ್ತದೆ. ಅದರ ಸುತ್ತ ಒಂದು ಅಲ್ಯೂಮಿನಿಯಂ ಬಟ್ಟಲು, ಒಂದಕ್ಕೊಂದು ತಾಗೋದೇ ಇಲ್ಲ. ಅಯಸ್ಕಾಂತ ತಿರುಗಿದಾಗ ಬಟ್ಟಲಿನಲ್ಲಿ ಕರೆಂಟು ಹುಟ್ಟಿ ಅದೂ ಜೊತೆಗೆ ಎಳೆಯಲ್ಪಡುತ್ತದೆ, ಕೈಗಡಿಯಾರದಲ್ಲಿ ಇರುವಂಥ ಕೂದಲೆಳೆಯ ಸ್ಪ್ರಿಂಗ್ ಅದನ್ನು ಹಿಂದಕ್ಕೆ ಎಳೆಯುತ್ತದೆ. ಈ ಜಗ್ಗಾಟ ಎಲ್ಲಿ ನಿಲ್ಲುತ್ತದೋ ಅಲ್ಲಿ ಮುಳ್ಳು. ಬ್ಯಾಟರಿಯ ಹಂಗೇ ಇಲ್ಲ. ಗಾಡಿಯ ಫ್ಯೂಸ್ ಎಲ್ಲ ಹೋದರೂ ಸ್ಪೀಡ್ ತೋರಿಸುತ್ತದೆ.

ಪೆಟ್ರೋಲ್ ಅದ್ದಿದ ಬ್ರಷ್‌ನಿಂದ ತೊಳೆದರು. ಸೂಜಿಯ ತುದಿಯಲ್ಲಿ ಒಂದೇ ಹನಿ ಹೊಲಿಗೆ ಮಿಷನ್ ಎಣ್ಣೆಯನ್ನು ಅಯಸ್ಕಾಂತದ ಕಡ್ಡಿ ತಿರುಗುವ ಬುಷ್‌ಗೆ ಮುಟ್ಟಿಸಿದರು. ನಂಬರಿನ ಒಂದು ಪ್ಲಾಸ್ಟಿಕ್ ಗೇರಿನ ಎರಡು ಹಲ್ಲು ಹೋಗಿತ್ತು, ಡಬ್ಬಿಯಿಂದ ಬೇರೊಂದು ಹುಡುಕಿ ಹಾಕಿದರು. ಆಮೇಲೆ ಮೀಟರನ್ನು ಒಂದು ಮೋಟರಿಗೆ ಸಿಕ್ಕಿಸಿ ತಿರುಗಿಸಿದರು. ಜಪಾನಿನ ಗಾಡಿಗಳ ಕೇಬಲ್ ಮೀಟರಿಗೆ ಒಂದು ಲೆಕ್ಕ ಇದೆ. ನಿಮಿಷಕ್ಕೆ 637 ಸುತ್ತು ತಿರುಗಿಸಿದರೆ ಮುಳ್ಳು 60ಕ್ಕೆ ಬಂದು ನಿಲ್ಲಬೇಕು. ಅರವತ್ತರಲ್ಲಿ ಹೋದರೆ ನಿಮಿಷಕ್ಕೆ ಒಂದು ಕಿಲೋಮೀಟರ್ ತಾನೇ, ಅಂದರೆ ಕಿಲೋಮೀಟರಿಗೆ 637 ಸುತ್ತು. ನಮ್ಮ ಮುಳ್ಳು ಮೆಲ್ಲಗೆ ಎದ್ದು, ಒಂದು ಸಲ ತೂಗಿ, ಅರವತ್ತರ ಗೀಟಿನ ಮೇಲೆ ನಿಂತಿತು. ಒಂದು ವರ್ಷ ಆಗಿತ್ತು ಅದನ್ನು ಅಲ್ಲಿ ನೋಡಿ.

ಮುಚ್ಚುವ ಮೊದಲು ತಲೆ ಎತ್ತದೆ ಕೇಳಿದರು. "ಎಷ್ಟಕ್ಕೆ ಇಡ್ಲಿ?"

ಬೆಳಿಗ್ಗೆ ತಿಂಡಿ ತಿಂದಿರಲಿಲ್ಲ, ನನಗೆ ನಿಜವಾಗಲೂ ತಟ್ಟೆಯೇ ಕಣ್ಣ ಮುಂದೆ ಬಂತು. ಅವರು ಕೇಳಿದ್ದು ನಂಬರಿನ ವಿಷಯ. ಓಡದೇ ಇದ್ದ ದಿನಗಳ ಲೆಕ್ಕ ಸೇರಿಸಬೇಕೋ, ಇಲ್ಲ ಕಡಿಮೆ ಮಾಡಬೇಕೋ, ಎರಡೂ ಅವರಿಗೆ ಒಂದೇ, ಐದು ನಿಮಿಷದ ಕೆಲಸ. 86,412 ಹಾಗೇ ಇರಲಿ ಯಜಮಾನ್ರೇ ಅಂದೆ. ನಡುವೆ ಓಡಿದ್ದನ್ನು ಅಂದಾಜು ಮಾಡಿ ಡೈರಿಯಲ್ಲಿ ಒಂದು ಸಾಲು ಬರೆದಿಟ್ಟಿದ್ದೇನೆ. ಹಳೇ ಗಾಡಿ ಕೊಳ್ಳುವವರು ಈ ಐದು ನಿಮಿಷವನ್ನು ಮರೆಯಬೇಡಿ. ನಲವತ್ತು ಸಾವಿರ ಓಡಿದೆ ಅನ್ನುವ ಗಾಡಿಯ ಕ್ಲಚ್ ಪೆಡಲಿನ ರಬ್ಬರ್ ನೋಡಿ, ಸ್ಟೀರಿಂಗ್ ಸವೆದಿದೆಯಾ ನೋಡಿ, ನಂಬರುಗಳು ಒಂದೇ ಸಾಲಿನಲ್ಲಿ ಕೂತಿವೆಯಾ, ಇಲ್ಲ ಒಂದು ಮೇಲೆ ಒಂದು ಕೆಳಗೆ ಇದೆಯಾ ನೋಡಿ.

ಲೈಟಿನ ತೊಂದರೆ ಇನ್ನೂ ಸರಳ. ಮೀಟರಿನ ಬೆನ್ನ ಮೇಲೆ ಒಂದು ತೆಳು ಪ್ಲಾಸ್ಟಿಕ್ ಹಾಳೆ, ಅದರಲ್ಲಿ ತಾಮ್ರದ ಗೀಟುಗಳು, ವೈರಿನ ಬದಲು ಅವೇ. ಬಲ್ಬ್ ಹೋಲ್ಡರ್ ಕೂರುವ ಜಾಗದಲ್ಲಿ ತಾಮ್ರ ಕಪ್ಪಾಗಿತ್ತು. ಪೆನ್ಸಿಲ್ ಅಳಿಸುವ ರಬ್ಬರ್ ತೆಗೆದುಕೊಂಡು ಉಜ್ಜಿದರು, ಹೊಳೆಯಿತು. ಒಂದು ಕಡೆ ಗೀಟು ಬಿರುಕು ಬಿಟ್ಟಿತ್ತು, ಅಲ್ಲಿ ಕೆರೆದು ಕೂದಲಿನಂಥ ವೈರ್ ಇಟ್ಟು ಬೆಸುಗೆ ಹಾಕಿದರು. ಮೂರು ವರ್ಷದಿಂದ ಅದು ಅಲ್ಲಾಡಿಲ್ಲ. ಬರೀ ಲೈಟ್ ಹೋಗಿದ್ದರೆ ಈ ಕೆಲಸ ಮನೆಯಲ್ಲೇ ಮಾಡಿಕೊಳ್ಳಬಹುದು. ಒಂದೇ ಎಚ್ಚರ, ಮೀಟರನ್ನು ಮುಂದಕ್ಕೆ ಜಗ್ಗಬೇಡಿ. ಹಿಂದೆ ಕೇಬಲ್ ಹಿಡಿದುಕೊಂಡಿರುತ್ತದೆ, ಕೈ ಹೋಗಲ್ಲ. ಮೊದಲು ಗೇರ್ ಬಾಕ್ಸ್ ಕಡೆ ಕೇಬಲ್ ಬಿಚ್ಚಿದರೆ ಸಡಿಲ ಸಿಗುತ್ತದೆ, ಆಮೇಲೆ ಮೀಟರ್ ತಾನೇ ಮುಂದೆ ಬರುತ್ತದೆ.

ಇನ್ನು ಮೂರು ವರ್ಷದ ಲೆಕ್ಕ.

ಸ್ಪೀಡಿನ ಮುಳ್ಳು ಇವತ್ತಿಗೂ ಗಟ್ಟಿ. ನೆಲಮಂಗಲ ದಾಟಿದ ಮೇಲೆ ರಸ್ತೆ ಖಾಲಿ ಸಿಕ್ಕಾಗ ಮೊಬೈಲಿನ ಜಿಪಿಎಸ್ ಜೊತೆ ಹೋಲಿಸಿದೆ, ಮಗ ಪಕ್ಕದಲ್ಲಿ ಕೂತು ಓದಿ ಹೇಳಿದ. ಮೀಟರಿನಲ್ಲಿ 60 ಇದ್ದಾಗ ಮೊಬೈಲಿನಲ್ಲಿ 56. ಇದು ತಪ್ಪಲ್ಲ. ಮೀಟರುಗಳನ್ನು ಸ್ವಲ್ಪ ಜಾಸ್ತಿ ತೋರಿಸುವ ಹಾಗೇ ಮಾಡಿರುತ್ತಾರೆ, ಕಮ್ಮಿ ತೋರಿಸಬಾರದು ಅಷ್ಟೇ. 2023ರ ನವೀಕರಣವೂ ತಕರಾರಿಲ್ಲದೆ ಆಯಿತು.

ಕೇಬಲ್ ಎರಡನೇ ವರ್ಷದ ಡಿಸೆಂಬರ್ ಚಳಿಯಲ್ಲಿ ಕಿರುಗುಟ್ಟಲು ಶುರು ಮಾಡಿತು, ಮುಳ್ಳು ಒಂಚೂರು ನಡುಗಿತು. ಈ ಸಲ ಹೆದರಲಿಲ್ಲ. ಒಳಗಿನ ತಂತಿ ಹೊರಗೆಳೆದು ಬಟ್ಟೆಯಲ್ಲಿ ಒರೆಸಿ, ಬೆರಳಿನಲ್ಲಿ ಸವರಿದಷ್ಟೇ ಗ್ರೀಸ್ ಹಚ್ಚಿದೆ. ಮೇಲಿನ ಒಂದು ಗೇಣು ಒಣಗೇ ಬಿಟ್ಟೆ, ಮೀಟರಿನ ಕಡೆ ಏರದಿರಲಿ ಅಂತ. ಆಮೇಲೆ ಸದ್ದಿಲ್ಲ.

ನನ್ನ ತಪ್ಪುಗಳಿಗೆ ಬರೋಣ. ರಿಪೇರಿ ಆದ ಆರು ತಿಂಗಳಿಗೆ ಹುಮ್ಮಸ್ಸು ಜಾಸ್ತಿಯಾಗಿ ಆನ್‌ಲೈನಿನಲ್ಲಿ ಬಿಳಿ ಎಲ್‌ಇಡಿ ಬಲ್ಬ್ ತರಿಸಿ ಮೀಟರಿನ ಎಲ್ಲ ಬಲ್ಬನ್ನೂ ಬದಲಾಯಿಸಿದೆ. ಮೂರು ಹತ್ತಲಿಲ್ಲ, ತಿರುಗಿಸಿ ಹಾಕಿದ ಮೇಲೆ ಹತ್ತಿದವು, ಎಲ್‌ಇಡಿಗೆ ಪ್ಲಸ್ಸು ಮೈನಸ್ಸು ನೋಡಬೇಕಲ್ಲ. ರಾತ್ರಿ ಓಡಿಸಿದರೆ ಮದುವೆ ಛತ್ರದ ಹಾಗೆ ಬೆಳಕು, ರಸ್ತೆಯೇ ಕಾಣಲ್ಲ. ಅದು ಹೋಗಲಿ, ಎರಡು ವಾರದಲ್ಲಿ ಬ್ಯಾಟರಿ ಎರಡು ಸಲ ಡೌನ್ ಆಯಿತು. ಎಲೆಕ್ಟ್ರಿಷಿಯನ್ ಹತ್ತಿರ ಹೋದರೆ ಬ್ಯಾಟರಿ ಚಾರ್ಜ್ ಮಾಡುವ ಆಲ್ಟರ್ನೇಟರ್ ಸರಿಯಾಗೇ ಇದೆ, ಆದರೆ ಚಾರ್ಜ್ ಮಾಡುತ್ತಿಲ್ಲ. ಕಾರಣ ಮೀಟರಿನಲ್ಲಿರುವ ಬ್ಯಾಟರಿ ಚಿಹ್ನೆಯ ಬಲ್ಬು. ಸ್ಟಾರ್ಟ್ ಮಾಡಿದಾಗ ಆಲ್ಟರ್ನೇಟರನ್ನು ಎಬ್ಬಿಸುವ ಮೊದಲ ಕರೆಂಟು ಆ ಬಲ್ಬಿನ ಮೂಲಕವೇ ಹೋಗೋದು. ಎಲ್‌ಇಡಿಯಲ್ಲಿ ಅಷ್ಟು ಕರೆಂಟು ಹರಿಯಲ್ಲ. ಹತ್ತು ರೂಪಾಯಿಯ ಹಳೇ ತಂತಿ ಬಲ್ಬ್ ಹಾಕಿದ, ಸರಿಹೋಯಿತು. ಈಗ ಎಲ್ಲ ಕಡೆ ಹಳೇ ಬಲ್ಬೇ.

ಎರಡನೆಯದು ಹೇಳಲು ನಾಚಿಕೆ. ಮುಳ್ಳಿನ ಕೆಂಪು ಬಣ್ಣ ಮಾಸಿ ಬಿಳಿಚಿಕೊಂಡಿತ್ತು, ಹೆಂಡತಿಯ ನೇಲ್ ಪಾಲಿಶ್ ತೆಗೆದುಕೊಂಡು ಎರಡು ಕೋಟ್ ಬಳಿದೆ. ನೋಡಲು ಚೆಂದ. ಆದರೆ ಗಾಡಿ ನಿಲ್ಲಿಸಿದರೂ ಮುಳ್ಳು ಸೊನ್ನೆಗೆ ಸರಿಯಾಗಿ ಬರುತ್ತಿರಲಿಲ್ಲ. ಮತ್ತೆ ಜೆ.ಸಿ. ರಸ್ತೆ. ಯಜಮಾನರು ಗಾಜಿನೊಳಗಿಂದ ಒಂದು ಸಲ ನೋಡಿ, "ಮದರಂಗಿ ಬೇರೆ ಹಾಕಿಲ್ವಾ?" ಅಂದರು. ಮುಳ್ಳಿನ ಎರಡೂ ಕಡೆಯ ತೂಕ ಸರಿತೂಗಿಸಿರುತ್ತಾರಂತೆ, ಒಂದು ಕಡೆ ಬಣ್ಣದ ಭಾರ ಬಿದ್ದರೂ ಆ ಸ್ಪ್ರಿಂಗಿಗೆ ಗೊತ್ತಾಗುತ್ತದೆ. ಕೆರೆದು ತೆಗೆದು ಇನ್ನೂರು ರೂಪಾಯಿ ತೆಗೆದುಕೊಂಡರು. ನ್ಯಾಯವಾಗೇ ತೆಗೆದುಕೊಂಡರು.

ಅಂಗಡಿಯ ಬಗ್ಗೆ ದೂರು ಇಲ್ಲವೇ ಅಂದರೆ ಇದೆ. ಬಿಲ್ ಕೊಡಲ್ಲ, ಗ್ಯಾರಂಟಿ ಬಾಯಿಮಾತಿನದು, ಮಧ್ಯಾಹ್ನ ಎರಡಕ್ಕೆ ಬನ್ನಿ ಅಂದವರು ಐದಕ್ಕೆ ಕೈಗೆ ಕೊಟ್ಟರು. ಗಾಜಿನ ಗೀರು ಉಜ್ಜಿಕೊಡುತ್ತೇನೆ ಅಂದಿದ್ದು ಮರೆತರು, ನಾನೇ ಮನೆಯಲ್ಲಿ ಟೂತ್‌ಪೇಸ್ಟ್ ಹಚ್ಚಿ ಉಜ್ಜಿದೆ, ಸುಮಾರಾಗಿ ಬಂತು. ಆದರೂ ನಾಲ್ಕೂವರೆ ಸಾವಿರದ ಗುಜರಿ ಸೆಟ್‌ಗಿಂತ ಇದು ಎಷ್ಟೋ ಮೇಲು. 2014ರ ಜನವರಿಗೇ 800 ತಯಾರಿಕೆ ನಿಂತಿದೆ, ಗುಜರಿಯಲ್ಲಿ ಸಿಗುವ ಮೀಟರಿಗೂ ಅಷ್ಟೇ ವಯಸ್ಸಾಗಿರುತ್ತದೆ, ಅದರೊಳಗೂ ಯಾರೋ ಗ್ರೀಸ್ ತುಂಬಿರುತ್ತಾರೆ.

ಪೆಟ್ರೋಲ್ ಮುಳ್ಳು ಮಾತ್ರ ಇನ್ನೂ ಸರಿಯಿಲ್ಲ. ಟ್ಯಾಂಕಿನ ಕಡೆ ಹೋಗುವ ವೈರ್ ಬಿಡಿಸಿ, ಒಂದು ಚಿಕ್ಕ ಬಲ್ಬ್ ಮೂಲಕ ಗಾಡಿಯ ಲೋಹದ ಮೈಗೆ ಮುಟ್ಟಿಸಿ ನೋಡಿದೆವು. ಮುಳ್ಳು ಚೆನ್ನಾಗೇ ಎದ್ದಿತು. ಅಂದರೆ ಮೀಟರ್ ಸರಿ ಇದೆ, ತೊಂದರೆ ಟ್ಯಾಂಕಿನೊಳಗೆ ಪೆಟ್ರೋಲ್ ಮೇಲೆ ತೇಲುವ ಫ್ಲೋಟಿನದು. ಅದಕ್ಕೆ ಟ್ಯಾಂಕಿಗೇ ಕೈ ಹಾಕಬೇಕು, ಖಾಲಿ ಮಾಡಿಸಬೇಕು, ಒಂದು ದಿನದ ಕೆಲಸ. ಸದ್ಯಕ್ಕೆ ಅಪ್ಪನ ಡೈರಿ ಗ್ಲೋವ್ ಬಾಕ್ಸಿನಲ್ಲಿದೆ. ಪೆಟ್ರೋಲ್ ಹಾಕಿಸಿದಾಗ ನಂಬರು ಬರೆಯುತ್ತೇನೆ, ಅಲ್ಲಿಂದ 250 ಕಿಲೋಮೀಟರ್ ಆಗುತ್ತಿದ್ದಂತೆ ಮುಳ್ಳು ಏನೇ ಹೇಳಲಿ, ಬಂಕಿಗೆ ತಿರುಗಿಸುತ್ತೇನೆ.