ಶ್ವಾಂಕ್‌ಮಯರ್ ಶಾರ್ಟ್ ಫಿಲಂ ಡಿವಿಡಿ ಸೆಟ್ಟು, ವರ್ಷಗಟ್ಟಲೆ ನೋಡಿದ್ಮೇಲೆ

ಚೆಕ್ ರಾಜಧಾನಿ ಪ್ರಾಗ್‌ನ ಅನಿಮೇಶನ್ ಡೈರೆಕ್ಟರ್ ಯಾನ್ ಶ್ವಾಂಕ್‌ಮಯರ್ ಮಾಡಿದ 26 ಶಾರ್ಟ್ ಫಿಲಂ, ಮೂರು ಡಿಸ್ಕು, ಬಿಎಫ್‌ಐ (ಬ್ರಿಟಿಷ್ ಫಿಲಂ ಇನ್‌ಸ್ಟಿಟ್ಯೂಟ್) ನವ್ರು 2007ರಲ್ಲಿ ತಂದಿದ್ದು. ತಗೊಂಡು ಸುಮಾರು ವರ್ಷ ಆಯ್ತು, ಈಗ್ಲೂ ಆಗಾಗ ಹಾಕ್ಕೊಂಡು ನೋಡ್ತೀನಿ. ಮೊದ್ಲೇ ಹೇಳ್ಬಿಡ್ತೀನಿ, ಊಟ ಮಾಡ್ತಾ ನೋಡ್ಬೇಡಿ, ಅಗಿಯೋ ಬಾಯಿನ ಈಯಪ್ಪ ಎಷ್ಟು ಹತ್ರದಿಂದ ತೋರಿಸ್ತಾನೆ ಅಂದ್ರೆ ಕೈಯಲ್ಲಿರೋ ತುತ್ತು ಕೈಯಲ್ಲೇ ಉಳಿಯತ್ತೆ.

ನಂಗೆ ದುಡ್ಡು ವಸೂಲಾಗಿದ್ದು 1992ರ 'ಫುಡ್'ನಲ್ಲೇ, ಅದ್ರಲ್ಲೂ ಬೆಳಗಿನ ತಿಂಡಿ ಭಾಗ. ಒಬ್ಬ ರೂಮಿಗೆ ಬರ್ತಾನೆ, ಎದುರಿಗೆ ಇನ್ನೊಬ್ಬ ಸುಮ್ನೆ ಕೂತಿದಾನೆ, ಅವನ ಕುತ್ತಿಗೇಲಿ 'ಹೇಗೆ ಬಳಸ್ಬೇಕು' ಅಂತ ಬೋರ್ಡು. ಓದ್ಕೊಂಡು ಅವನ ಬಾಯಿಗೆ ದುಡ್ಡು ಹಾಕಿದ್ರೆ ಅಂಗಿ ಒಳಗಿಂದ ಲಿಫ್ಟ್ ಥರ ತಿಂಡಿ ಮೇಲೆ ಬರತ್ತೆ. ತಿಂದು ಮುಗಿಸಿದ್ನೋ ಇಲ್ವೋ, ಇವನೇ ಮಷೀನ್ ಆಗ್ಬಿಡ್ತಾನೆ, ಅಲ್ಲೀವರ್ಗೂ ಮಷೀನ್ ಆಗಿದ್ದವನು ಎದ್ದು ಗೋಡೆ ಮೇಲೊಂದು ಗೆರೆ ಎಳೆದು ಹೊರಟೋಗ್ತಾನೆ. ಹೊರಗೆ ಉದ್ದ ಕ್ಯೂ. ಮೊದಮೊದ್ಲು ಬಿದ್ದು ಬಿದ್ದು ನಗ್ತಿದ್ದೆ. ಈಗ ನನ್ ಕಣ್ಣು ಹೋಗೋದು ಬಿಡುಗಡೆ ಆದವನ ಮೇಲೆ, ಒಳಗೆ ಏನಾಗತ್ತೆ ಅಂತ ಕ್ಯೂನಲ್ಲಿ ನಿಂತವ್ರಿಗೆ ಒಂದ್ಮಾತು ಹೇಳಲ್ವಲ್ಲ ಪುಣ್ಯಾತ್ಮ!

ನಮ್ಮಮ್ಮ ಒಂದ್ಸಲ ನೋಡಿ "ಇವನಿಗೆ ಮನೇಲಿ ಸರಿಯಾಗಿ ಊಟ ಹಾಕ್ತಿರ್ಲಿಲ್ವೇನೋ" ಅಂದ್ರು. ಅಸಲಿಗೆ ಉಲ್ಟಾ, ಚಿಕ್ಕವನಾಗಿದ್ದಾಗ ಊಟ ಸೇರ್ತಿರ್ಲಿಲ್ಲ, ಬಲವಂತವಾಗಿ ತಿನ್ನಿಸ್ತಿದ್ರು ಅಂತ ಈಯಪ್ಪನೇ ಹೇಳ್ಕೊಂಡಿದಾನೆ.

1968ರ 'ದಿ ಫ್ಲಾಟ್' ಕೂಡ ಹಳೇದಾಗಲ್ಲ. ಮನೆಯೊಳಗೆ ಸಿಕ್ಕಾಕೊಂಡಿರೋ ಒಬ್ಬ, ಸೂಪ್ ಕುಡಿಯೋಣ ಅಂದ್ರೆ ಚಮಚ ತುಂಬಾ ತೂತು, ಕೊನೆಗೆ ಕೊಡಲಿ ತಗೊಂಡು ಬಾಗಿಲು ಒಡೆದ್ರೆ ಹಿಂದೆ ಗೋಡೆ, ಗೋಡೆ ತುಂಬಾ ಹೆಸರುಗಳು, ಇವನೂ ತನ್ನ ಹೆಸರು ಬರೀತಾನೆ ಅಷ್ಟೇ. ಸೋವಿಯತ್ ಟ್ಯಾಂಕುಗಳು ಪ್ರಾಗ್‌ಗೆ ನುಗ್ಗಿದ್ದೂ ಅದೇ ವರ್ಷ, ಅದು ತಲೇಲಿ ಇಟ್ಕೊಂಡು ನೋಡಿದ್ರೆ ಆ ಗೋಡೆ ಬೇರೆ ಥರಾನೇ ಕಾಣತ್ತೆ.

ಎಲ್ರೂ ಹೊಗಳೋದು 'ಡೈಮೆನ್ಷನ್ಸ್ ಆಫ್ ಡೈಲಾಗ್'ನ, 1983ರಲ್ಲಿ ಬರ್ಲಿನ್ ಫಿಲಂ ಫೆಸ್ಟಿವಲ್‌ನಲ್ಲಿ ಶಾರ್ಟ್ ಫಿಲಂಗೆ ಕೊಡೋ ಗೋಲ್ಡನ್ ಬೇರ್ ಪ್ರಶಸ್ತಿ ಬೇರೆ ಬಂದಿದೆ. ಎರಡು ಜೇಡಿಮಣ್ಣಿನ ತಲೆ, ಒಂದರ ಬಾಯಿಂದ ಬ್ರಶ್ ಬಂದ್ರೆ ಇನ್ನೊಂದ್ರಿಂದ ಪೇಸ್ಟು, ಆಮೇಲೆ ಜೋಡಿ ತಪ್ಪಿ ಶೂಗೆ ಬೆಣ್ಣೆ ಸವರೋದು. ಸೂಪರ್, ಇಲ್ಲ ಅನ್ನಲ್ಲ, ಆದ್ರೆ ನಾಕೈದು ಸಲ ನೋಡಿದ್ಮೇಲೆ ಏನ್ ಹೇಳೋಕೆ ಹೊರಟಿದಾನೆ ಅಂತ ಮುಂಚೇನೇ ಗೊತ್ತಾಗೋಗತ್ತೆ.

ಕಂಪ್ಲೇಂಟು ಅಂದ್ರೆ, ಒಂದೇ ಏಟಿಗೆ ಒಂದು ಡಿಸ್ಕು ಮುಗಿಸೋಕೆ ಹೋದ್ರೆ ತಲೆ ಗಿರ್ ಅನ್ನತ್ತೆ, ದಿನಕ್ಕೆ ಒಂದು ಸಾಕು. ಈಗಿನ ಲ್ಯಾಪ್‌ಟಾಪಲ್ಲಿ ಡಿವಿಡಿ ಡ್ರೈವೇ ಇರಲ್ವಲ್ಲ, ಯುಎಸ್‌ಬಿಗೆ ಚುಚ್ಚೋ ಡಿವಿಡಿ ಡ್ರೈವ್ ಬೇರೆ ತಗೋಬೇಕು. ಮಾತು ಕಮ್ಮಿ ಇರೋದ್ರಿಂದ ಸಬ್‌ಟೈಟಲ್ ಗೋಳಿಲ್ಲ. ಬೊಂಬೆ ಅನಿಮೇಶನ್ ಅಂತ ಮಕ್ಕಳಿಗೆ ತೋರಿಸೋಕೆ ಮಾತ್ರ ಹೋಗ್ಬೇಡಿ, ರಾತ್ರಿ ಮಲಗಲ್ಲ.