ಡೇಟನ್ ಮ್ಯೂಸಿಯಂಗೆ ಹೋದರೆ ಮೊದಲು ನಾಲ್ಕನೇ ಕಟ್ಟಡಕ್ಕೆ ನಡೆಯಿರಿ

ಒಹಾಯೊದ ಡೇಟನ್‌ನಲ್ಲಿ ಅಮೆರಿಕದ ವಾಯುಸೇನೆಯ ರಾಷ್ಟ್ರೀಯ ಮ್ಯೂಸಿಯಂ ಇದೆ. ಅಪ್ಪ ಅಮ್ಮ ಊರಿಂದ ಬಂದಾಗ ಕರೆದುಕೊಂಡು ಹೋಗಬಹುದಾ ಅಂತ ಇಲ್ಲಿನ ಕನ್ನಡದವರು ಆಗಾಗ ಕೇಳುತ್ತಾರೆ. ಖಂಡಿತ ಹೋಗಬಹುದು. ಪ್ರವೇಶ ಉಚಿತ, ಪಾರ್ಕಿಂಗೂ ಉಚಿತ. ಬೆಳಿಗ್ಗೆ 9ರಿಂದ ಸಂಜೆ 5ರವರೆಗೆ ತೆರೆದಿರುತ್ತದೆ. ಥ್ಯಾಂಕ್ಸ್‌ಗಿವಿಂಗ್, ಕ್ರಿಸ್‌ಮಸ್, ಹೊಸ ವರ್ಷದ ದಿನ ಮಾತ್ರ ರಜೆ. ಸಿನ್ಸಿನಾಟಿಯಿಂದ ಸುಮಾರು ಒಂದು ಗಂಟೆಯ ದಾರಿ. ಅಮೆರಿಕದಲ್ಲಿ ಇಷ್ಟು ದೊಡ್ಡ ಜಾಗ ಪುಕ್ಕಟೆ ನೋಡಲು ಸಿಗುವುದು ಅಪರೂಪ. ಇಷ್ಟು ಮಾಹಿತಿ ಸಾಕು ಅನ್ನುವವರು ಇಲ್ಲಿಂದಲೇ ಗಾಡಿ ಹೊರಡಿಸಬಹುದು.

ಮುಂದಿನದೆಲ್ಲ ಸ್ವಲ್ಪ ಒಂದೇ ಕಡೆ ವಾಲಿದ ವಿಮರ್ಶೆ. ನನ್ನ ಕೆಲಸ ಕಂಪನ ಪರೀಕ್ಷೆ. ಯಂತ್ರದ ಬಿಡಿಭಾಗಗಳನ್ನು ಶೇಕರ್ ಮೇಲೆ ಬಿಗಿದು, ಗಂಟೆಗಟ್ಟಲೆ ನಡುಗಿಸಿ, ಎಲ್ಲಿ ಬಿರುಕು ಬಿಡುತ್ತದೆ ಅಂತ ನೋಡುತ್ತಾ ಕೂರುವುದು. ಹಾಗಾಗಿ ನಾನು ಈ ಮ್ಯೂಸಿಯಂಗೆ ಹೋಗುವುದು ಒಂದೇ ವಿಮಾನಕ್ಕೋಸ್ಕರ. ಅದು ಎಕ್ಸ್-15ಎ-2, 1960ರ ದಶಕದಲ್ಲಿ ಹಾರಿದ ರಾಕೆಟ್ ಎಂಜಿನ್ನಿನ ಪರೀಕ್ಷಾ ವಿಮಾನ. ಮಿಕ್ಕಿದ್ದೆಲ್ಲ ನನಗೆ ಬೋನಸ್. ಈ ಸಲ ಜೊತೆಗೆ ಅಪ್ಪ ಇದ್ದರು. ದಾವಣಗೆರೆಯಲ್ಲಿ ಬಸ್ ಡಿಪೊದ ಮೆಕ್ಯಾನಿಕ್ ಆಗಿ ನಿವೃತ್ತರಾದವರು. ಅವರ ಜೊತೆ ವಿಮಾನ ನೋಡಿದರೆ ಪ್ರಶ್ನೆಗಳೇ ಬೇರೆ.

ಸುಮ್ನೆ ಮೊದಲ ಕಟ್ಟಡದಿಂದ ಶುರು ಮಾಡಬೇಡಿ. ರೈಟ್ ಸಹೋದರರ ಕಾಲದಿಂದ ಎರಡು ಮಹಾಯುದ್ಧ ದಾಟಿ ಬರುವಷ್ಟರಲ್ಲಿ ಕಾಲು ನೋಯುತ್ತಿರುತ್ತದೆ. 2016ರಲ್ಲಿ ತೆರೆದ ನಾಲ್ಕನೇ ಕಟ್ಟಡಕ್ಕೆ ನೇರ ಹೋಗಿ. ಅಲ್ಲಿ ಜನ ಜಾಸ್ತಿ ಸೇರುವುದು ಅಧ್ಯಕ್ಷ ಕೆನಡಿ ಪ್ರಯಾಣ ಮಾಡಿದ ವಿಮಾನದ ಹತ್ತಿರ. ಆಮೇಲೆ ಎಕ್ಸ್‌ಬಿ-70 ವಾಲ್ಕಿರಿ ಬಾಂಬರ್ ಕೆಳಗೆ, ಅದು ಅಷ್ಟು ದೊಡ್ಡದು. ಕಪ್ಪಗೆ, ಗಿಡ್ಡ ರೆಕ್ಕೆಯ, ನೋಡಿದರೆ ರಾಕೆಟ್‌ಗೆ ಸೀಟು ಹಾಕಿದಂತಿರುವ ಎಕ್ಸ್-15 ಹತ್ತಿರ ಅಷ್ಟು ಗಲಾಟೆ ಇಲ್ಲ. ಒಳ್ಳೆಯದೇ ಆಯಿತು.

1967ರ ಅಕ್ಟೋಬರ್ 3ರಂದು ಪೀಟ್ ನೈಟ್ ಎಂಬ ಪೈಲಟ್ ಇದೇ ವಿಮಾನವನ್ನು ಮ್ಯಾಕ್ 6.7 ವೇಗಕ್ಕೆ ಒಯ್ದರು. ಅಂದರೆ ಶಬ್ದದ ವೇಗದ 6.7 ಪಟ್ಟು, ಗಂಟೆಗೆ ಸುಮಾರು 7,270 ಕಿಲೋಮೀಟರ್. ಮನುಷ್ಯ ಕೂತು, ಸ್ವಂತ ಎಂಜಿನ್‌ನಿಂದ ಹಾರಿದ ವಿಮಾನದಲ್ಲಿ ಈ ದಾಖಲೆಯನ್ನು ಇನ್ನೂ ಯಾರೂ ಮುರಿದಿಲ್ಲ. ಮ್ಯಾಕ್ 5 ದಾಟಿದ ವೇಗಕ್ಕೆ ಹೈಪರ್‌ಸಾನಿಕ್ ಅನ್ನುತ್ತಾರೆ. ಅಲ್ಲಿ ಎಂಜಿನ್‌ಗಿಂತ ಗಾಳಿಯೇ ದೊಡ್ಡ ತಲೆನೋವು. ಮ್ಯಾಕ್ 6.7ರಲ್ಲಿ ಮೂತಿಗೆ ಬಡಿದು ನಿಲ್ಲುವ ಗಾಳಿಯ ಉಷ್ಣತೆ ಲೆಕ್ಕ ಹಾಕಿದರೆ ಸುಮಾರು 2,000 ಡಿಗ್ರಿ ಸೆಲ್ಸಿಯಸ್ ಬರುತ್ತದೆ. ಈ ವಿಮಾನದ ಹೊರಮೈ ಇಂಕೊನೆಲ್-ಎಕ್ಸ್, ಅಂದರೆ ನಿಕ್ಕಲ್ ಕ್ರೋಮಿಯಂ ಮಿಶ್ರಲೋಹ. ಅದನ್ನು ವಿನ್ಯಾಸ ಮಾಡಿದ್ದು ಸುಮಾರು 650 ಡಿಗ್ರಿ ತಡೆಯಲಿ ಅಂತ. ಹಾರಾಟ ಕೆಲವೇ ನಿಮಿಷ ತಾನೇ, ಅಷ್ಟರಲ್ಲಿ ಲೋಹ ಬಿಸಿಯನ್ನು ಹೀರಿಕೊಂಡು ಸಹಿಸಿಕೊಳ್ಳಲಿ ಅನ್ನುವುದು ಮೂಲ ಲೆಕ್ಕಾಚಾರ. ಬಿಸಿ ಬೇಗ ಹೊರಸೂಸಲಿ ಅಂತಲೇ ಕಪ್ಪು ಬಣ್ಣ.

ಮ್ಯಾಕ್ 6.7ಕ್ಕೆ ಆ ಲೆಕ್ಕ ಸಾಲದು. ಆವತ್ತು ವಿಮಾನಕ್ಕೆ ಪೂರ್ತಿ ಅಬ್ಲೇಟರ್ ಬಳಿದಿದ್ದರು. ತಾನು ಸುಟ್ಟು ಹೋಗಿ ಒಳಗಿನ ಲೋಹ ಉಳಿಸುವ ಲೇಪ ಅದು, ಬಣ್ಣ ಗುಲಾಬಿ. ದ್ರವ ಆಮ್ಲಜನಕ ತಾಗಿದ ಅಬ್ಲೇಟರ್‌ಗೆ ಏಟು ಬಿದ್ದರೆ ಹತ್ತಿಕೊಳ್ಳುವ ಭಯ ಇತ್ತು. ಅದಕ್ಕೆ ಮೇಲೊಂದು ಬಿಳಿ ಪದರ. ಸುಟ್ಟ ಲೇಪ ಕಿಟಕಿ ಗಾಜಿಗೆ ಮೆತ್ತಿಕೊಂಡರೆ ಪೈಲಟ್‌ಗೆ ಏನೂ ಕಾಣುವುದಿಲ್ಲ, ಹಾಗಾಗಿ ಎಡಗಡೆ ಗಾಜಿಗೆ ತೆರೆಯುವ ರೆಪ್ಪೆ ಬೇರೆ. ವೇಗ ಇಳಿದ ಮೇಲೆ ಅದನ್ನು ತೆಗೆದು ಆ ಒಂದೇ ಗಾಜಿನಿಂದ ನೋಡಿಕೊಂಡು ಇಳಿಯಬೇಕಿತ್ತು. ಅಪ್ಪನಿಗೆ ಈ ರೆಪ್ಪೆಯ ವಿಷಯ ಬಹಳ ಹಿಡಿಸಿತು. "ವೈಪರ್ ಬದಲು ರೆಪ್ಪೆ" ಅಂತ ನಕ್ಕರು.

ಬಾಲದ ಅಡಿಯಲ್ಲಿ ಡಮ್ಮಿ ರ‍್ಯಾಮ್‌ಜೆಟ್ ಎಂಜಿನ್ (ನುಗ್ಗಿ ಬರುವ ಗಾಳಿಯ ಒತ್ತಡದಲ್ಲೇ ಇಂಧನ ಉರಿಸುವ ಬಗೆಯದು, ಇಲ್ಲಿ ಬರೀ ಮಾದರಿ) ಒಂದನ್ನು ಕಟ್ಟಿದ್ದರು. ಅದರ ಚೂಪು ಮೂತಿಯಿಂದ ಎದ್ದ ಆಘಾತ ಅಲೆ, ಅಂದರೆ ಶಾಕ್ ವೇವ್, ಮೇಲಿನ ಆಧಾರಕ್ಕೆ ಹೋಗಿ ಬಡಿಯಿತು. ಹಾಗೆ ಬಡಿದ ಜಾಗದಲ್ಲಿ ಶಾಖ ಸುತ್ತಲಿನ ಜಾಗಕ್ಕಿಂತ ಎಷ್ಟೋ ಪಟ್ಟು ಏರುತ್ತದೆ. ಲೇಪ ಸುಟ್ಟಿತು, ಅದರ ಅಡಿಯ ಇಂಕೊನೆಲ್ ಕರಗಿ ತೂತು ಬಿದ್ದವು. ರ‍್ಯಾಮ್‌ಜೆಟ್ ಇಳಿಯುವ ಮೊದಲೇ ಕಳಚಿ ಬಿತ್ತು. ನೈಟ್ ಕ್ಷೇಮವಾಗಿ ಇಳಿದರು. ವಿಮಾನ ಮಾತ್ರ ಮತ್ತೆ ಹಾರಲಿಲ್ಲ. ರಿಪೇರಿಯಾಗಿ, ಮತ್ತೆ ಕಪ್ಪು ಬಣ್ಣ ಬಳಿಸಿಕೊಂಡು ಇಲ್ಲಿ ನಿಂತಿದೆ.

ನನಗಿರುವ ಒಂದೇ ತಕರಾರು ಈ ಕಪ್ಪು ಬಣ್ಣದ ಬಗ್ಗೆ. ವಿಮಾನದ ಬಹುತೇಕ ಹಾರಾಟ ಕಪ್ಪು ಮೈಯಲ್ಲೇ ನಡೆದದ್ದು, ಆ ಲೆಕ್ಕದಲ್ಲಿ ಸರಿಯೇ. ಆದರೆ ಆವತ್ತಿನ ಸುಟ್ಟ ಬಾಲವನ್ನೇ ಹಾಗೇ ಇಟ್ಟಿದ್ದರೆ? ಒಂದು ಕರಗಿದ ತೂತು ಹತ್ತು ಬೋರ್ಡ್‌ಗಳಿಗೆ ಸಮ. ಐದರಲ್ಲಿ ನಾಲ್ಕೂವರೆ ನಕ್ಷತ್ರ ಕೊಡುತ್ತೇನೆ. ಕಡಿಮೆಯಾದ ಅರ್ಧ ಇದಕ್ಕೇ.

ಈಗ ನಾನು ಹೇಳಬೇಕೆಂದಿರುವ ವಿಷಯ. ಈ ವಿಮಾನವನ್ನು ದೂರ ನಿಂತು ಇಡಿಯಾಗಿ ನೋಡಿದರೆ ಏನೂ ಸಿಗುವುದಿಲ್ಲ. ಅಂಚು, ಸಂದು, ಚೌಕಟ್ಟು, ಬಾಗಿಲು, ಇವನ್ನು ನೋಡಿ. ಎಕ್ಸ್-15 ಕೈಕೊಟ್ಟ ಜಾಗಗಳನ್ನು ಪಟ್ಟಿ ಮಾಡಿದರೆ ಹೆಚ್ಚಿನವು ಅಲ್ಲೇ ಇವೆ.

ರೆಕ್ಕೆಯ ಮುಂಚೂಣಿ ಅಂಚನ್ನೇ ತೆಗೆದುಕೊಳ್ಳಿ. ಕಾದಾಗ ಹಿಗ್ಗಲು ಜಾಗ ಬೇಕು ಅಂತ ಅಲ್ಲಲ್ಲಿ ಸೀಳು ಬಿಟ್ಟಿದ್ದರು. ಹಿಗ್ಗುವ ಸಮಸ್ಯೆ ಬಗೆಹರಿಯಿತು. ಆದರೆ ಅದೇ ಸೀಳು ಗಾಳಿಯ ತೆಳು ಪದರವನ್ನು ಕದಡಿತು. ಕದಡಿದ ಗಾಳಿ ಜಾಸ್ತಿ ಬಿಸಿ ಕೊಡುತ್ತದೆ. ಸೀಳಿನ ಹಿಂದೆ ಹೊರಮೈ ಸೊಟ್ಟಗಾಯಿತು. ಕೊನೆಗೆ ಸೀಳಿನ ಮೇಲೆ ತೆಳು ಇಂಕೊನೆಲ್ ತಗಡು ಮುಚ್ಚಿ, ಹಿಂದೆ ರಿವೆಟ್ ಹೆಚ್ಚಿಸಿದರು.

1961ರಲ್ಲಿ ಕಿಟಕಿಯ ಹೊರಗಾಜು ಹಾರಾಟದಲ್ಲೇ ಬಿರುಕು ಬಿಟ್ಟಿತು. ಒಂದಲ್ಲ, ಅಕ್ಟೋಬರ್‌ನಲ್ಲಿ ಒಂದು, ನವೆಂಬರ್ 9ರಂದು ಇನ್ನೊಂದು. ಎರಡನೆಯದು ಬಾಬ್ ವೈಟ್ ಮೊದಲ ಸಲ ಮ್ಯಾಕ್ 6 ದಾಟಿದ ದಿನ. ತಪ್ಪು ಬರೀ ಗಾಜಿನದಲ್ಲ. ಗಾಜು ಹಿಡಿದಿದ್ದ ಇಂಕೊನೆಲ್ ಚೌಕಟ್ಟು ಕಾದು ಉಬ್ಬಿ, ಅದರ ಹಿಂದೆ ಗಾಜಿನ ಮೇಲೆ ಒಂದು ಕಡೆ ಮಾತ್ರ ವಿಪರೀತ ಬಿಸಿಯಾಗಿತ್ತು. ಗಾಜನ್ನೂ ಬದಲಾಯಿಸಿದರು, ಚೌಕಟ್ಟನ್ನು ಟೈಟಾನಿಯಂಗೆ ತಂದರು.

ಅಪ್ಪ ಬಿಟ್ಟು ಬರದೇ ನಿಂತದ್ದು ಮೂತಿ ಚಕ್ರದ ಹತ್ತಿರ. ಎಕ್ಸ್-15ಕ್ಕೆ ಹಿಂದೆ ಚಕ್ರವಿಲ್ಲ, ಉಕ್ಕಿನ ಜಾರುಪಟ್ಟಿ. ಮುಂದೆ ಮಾತ್ರ ಚಕ್ರ. 1962ರಲ್ಲಿ ಈ ವಿಮಾನ ಇಳಿಯುವಾಗ ಮಗುಚಿ ಬಿದ್ದಿತ್ತು. ರಿಪೇರಿ ಮಾಡುವಾಗ ಅದನ್ನು ಉದ್ದ ಮಾಡಿದರು, ಎ-2 ಆದದ್ದು ಆಗಲೇ. 1964ರ ಆಗಸ್ಟ್‌ನಲ್ಲಿ ಬಾಬ್ ರಶ್‌ವರ್ತ್ ಮ್ಯಾಕ್ 4ಕ್ಕಿಂತ ಜಾಸ್ತಿ ವೇಗದಲ್ಲಿದ್ದಾಗ ಮೂತಿ ಚಕ್ರ ತಾನಾಗಿ ಕೆಳಗಿಳಿಯಿತು. ಯಾರೂ ಲಿವರ್ ಎಳೆದಿರಲಿಲ್ಲ. ವಿಮಾನದ ಮೈ ಕಾದು ಉದ್ದವಾಯಿತು, ಒಳಗಿನ ಕೇಬಲ್ ಅಷ್ಟು ಉದ್ದವಾಗಲಿಲ್ಲ. ಬಿಟ್ಟಿದ್ದ ಸಡಿಲ ಸಾಲದೆ ಕೇಬಲ್ ಬಿಗಿದುಕೊಂಡು ಕೊಕ್ಕೆ ಎಳೆಯಿತು. ಹತ್ತು ಮೀಟರ್ ಇಂಕೊನೆಲ್ 400 ಡಿಗ್ರಿ ಕಾದರೆ ಐದು ಸೆಂಟಿಮೀಟರ್‌ಗಿಂತ ಜಾಸ್ತಿ ಬೆಳೆಯುತ್ತದೆ ಅಂತ ಅಪ್ಪನಿಗೆ ಲೆಕ್ಕ ಹೇಳಿದೆ. "ಹಾಗಾದ್ರೆ ಸ್ಲ್ಯಾಕ್ ಬಿಡಬೇಕಿತ್ತಲ್ಲ" ಅಂದರು. ಬಿಟ್ಟಿದ್ದರು, ಸಾಲಲಿಲ್ಲ. ಮುಂದಿನ ತಿಂಗಳು ಮೂತಿ ಚಕ್ರದ ಚಿಕ್ಕ ಬಾಗಿಲು ತೆರೆದುಕೊಂಡಿತು. 1965ರ ಫೆಬ್ರವರಿಯಲ್ಲಿ ಬಲಗಡೆ ಜಾರುಪಟ್ಟಿ ಇಳಿಯಿತು. ಮೂರೂ ಸಲ ಇದೇ ವಿಮಾನ, ಇದೇ ಪೈಲಟ್. ಮನುಷ್ಯನ ತಾಳ್ಮೆ ನೋಡಿ.

ಇಷ್ಟೆಲ್ಲ ಬಿಸಿಯ ಕಥೆ. ನಡುಕದ ಕಥೆ ಬೇರೆ ಅಂದುಕೊಂಡರೆ ತಪ್ಪು. ಲೋಹ ಕಾದರೆ ಅದರ ಬಿಗುವು ಇಳಿಯುತ್ತದೆ. ನಾಲ್ಕೂ ಕಡೆ ರಿವೆಟ್ ಹೊಡೆದ ತಗಡು ಹಿಗ್ಗಲು ಜಾಗ ಸಿಗದೆ ಒಳಗೊಳಗೇ ಒತ್ತಿಕೊಳ್ಳುತ್ತದೆ, ಆಗ ಇನ್ನೂ ಮೆತ್ತಗಾಗುತ್ತದೆ. ತಣ್ಣಗಿದ್ದಾಗ ಒಂದು ಆವರ್ತನದಲ್ಲಿ ಕಂಪಿಸುತ್ತಿದ್ದ ತಗಡು ಈಗ ಅದಕ್ಕಿಂತ ಕೆಳಗಿನ ಆವರ್ತನಕ್ಕೆ ಜಾರುತ್ತದೆ. ಹಾಗೆ ಜಾರುವಾಗ ಪಕ್ಕದ ಇನ್ನೊಂದು ಕಂಪನದ ಜೊತೆ ಸೇರಿಕೊಂಡರೆ ಕೆಲಸ ಕೆಟ್ಟಿತು. ಅದಕ್ಕೆ ಪ್ಯಾನೆಲ್ ಫ್ಲಟರ್ ಅನ್ನುತ್ತೇವೆ. ಎಕ್ಸ್-15ರ ಎರಡು ಪಕ್ಕದಲ್ಲಿ ಉದ್ದಕ್ಕೆ ಸುರಂಗದಂತಹ ಉಬ್ಬು ಕಾಣುತ್ತದಲ್ಲ, ಅದರ ತಗಡುಗಳು ಹೀಗೇ ಬಡಿದುಕೊಂಡವು. ಬಾಲದ ತಗಡುಗಳೂ ಅಷ್ಟೇ. ಒಳಗೆ ಬಿಗಿಪಟ್ಟಿ ಸೇರಿಸಿ ಸರಿಮಾಡಿದರು. ಹಳೇ ಬಸ್ಸಿನ ಕಿಟಕಿ ಗಾಜು ಒಂದು ವೇಗದಲ್ಲಿ ಮಾತ್ರ ಗಡಗಡ ಅನ್ನುತ್ತದೆ, ಇದೂ ಅದೇನಾ ಅಂತ ಅಪ್ಪ ಕೇಳಿದರು. ಒಳ್ಳೆಯ ಪ್ರಶ್ನೆ. ಬಸ್ಸಿನ ಗಾಜನ್ನು ನಡುಗಿಸುವುದು ಎಂಜಿನ್, ವೇಗ ಬದಲಾದರೆ ಸದ್ದು ನಿಲ್ಲುತ್ತದೆ. ಫ್ಲಟರ್‌ನಲ್ಲಿ ತಗಡು ಅಲುಗಿದಷ್ಟೂ ಗಾಳಿಯಿಂದಲೇ ಶಕ್ತಿ ಕದಿಯುತ್ತದೆ. ವೇಗ ಏರಿಸಿದರೆ ಸಾಮಾನ್ಯವಾಗಿ ಇನ್ನೂ ಜೋರಾಗುತ್ತದೆ.

ಇದೇ ಕಾರಣಕ್ಕೆ ಮ್ಯೂಸಿಯಂನಲ್ಲಿರುವ ಅಸೆಟ್ ಅನ್ನುವ ಚಿಕ್ಕ ಗ್ಲೈಡರ್ ಅನ್ನು ತಪ್ಪಿಸಬೇಡಿ. 1963ರಿಂದ 65ರ ನಡುವೆ ಆರು ಹಾರಿಸಿದರು, ಥಾರ್ ರಾಕೆಟ್ ಮೇಲೆ ಕೂರಿಸಿ. ನಾಲ್ಕು ಬಿಸಿಯ ಪರೀಕ್ಷೆಗೆ, ಎರಡು ಫ್ಲಟರ್‌ನಂತಹ ನಡುಕದ ಪರೀಕ್ಷೆಗೆ. ಸಮುದ್ರದಿಂದ ಎತ್ತಿ ತರಲು ಸಿಕ್ಕಿದ್ದು 1964ರ ಜುಲೈನಲ್ಲಿ ಹಾರಿದ್ದು ಒಂದೇ, ಅದೇ ಇಲ್ಲಿರುವುದು. ನನ್ನ ಕೆಲಸದ ಮಟ್ಟಿಗೆ ಇಡೀ ಮ್ಯೂಸಿಯಂನಲ್ಲಿ ಹೆಚ್ಚು ಪ್ರಾಮಾಣಿಕವಾದ ವಸ್ತು ಇದು. ನಿಜವಾಗಿ ಹೋಗಿ ಸುಟ್ಟುಕೊಂಡು ಬಂದದ್ದು.

ನೆಲದ ಮೇಲೇ ಪರೀಕ್ಷೆ ಮಾಡಬಹುದಲ್ಲ ಅಂತ ಕೇಳಬಹುದು. ಮಾಡುತ್ತಾರೆ, ಆದರೆ ಬಿಸಿ ಮತ್ತು ನಡುಕ ಒಟ್ಟಿಗೆ ಕೊಡುವುದು ಕಷ್ಟ. ಶೇಕರ್‌ಗೆ ಬಿಸಿ ಆಗಿಬರುವುದಿಲ್ಲ. ಕಂಪನ ಅಳೆಯುವ ಸೆನ್ಸರ್ ಅಂಟಿಸುವ ಗೋಂದೇ ಮೊದಲು ಕೈಕೊಡುತ್ತದೆ. ಕ್ವಾರ್ಟ್ಜ್ ದೀಪಗಳಿಂದ ಕಾಯಿಸಿ, ದೂರದಿಂದ ಲೇಸರ್ ಬಿಟ್ಟು ಅಳೆಯಬೇಕಾಗುತ್ತದೆ. ಬೆಂಗಳೂರಿನ ಐಐಎಸ್‌ಸಿಯಲ್ಲಿ 1970ರ ದಶಕದಿಂದ ಹೈಪರ್‌ಸಾನಿಕ್ ಶಾಕ್ ಟನೆಲ್, ಅಂದರೆ ಆಘಾತ ಅಲೆಯಿಂದ ಅತಿವೇಗದ ಗಾಳಿ ಬೀಸುವ ಪರೀಕ್ಷಾ ಸುರಂಗ, ಇದೆ, ಬಹಳ ಒಳ್ಳೆಯ ಕೆಲಸ ನಡೆಯುವ ಜಾಗ. ಆದರೆ ಅಲ್ಲಿ ಗಾಳಿ ಬೀಸುವುದು ಕೆಲವು ಮಿಲಿಸೆಕೆಂಡ್. ಎಷ್ಟು ಶಾಖ ಬಂತು ಅಂತ ಅಳೆಯಬಹುದು, ತಗಡು ಕಾದು ಸೊಟ್ಟಗಾಗುವಷ್ಟು ಸಮಯ ಇರುವುದಿಲ್ಲ. ಹೈದರಾಬಾದಿನ ಕ್ಷಿಪಣಿ ಸಂಶೋಧನಾಲಯ ಡಿಆರ್‌ಡಿಎಲ್ 2025ರ ಏಪ್ರಿಲ್‌ನಲ್ಲಿ ಸ್ಕ್ರ್ಯಾಮ್‌ಜೆಟ್ ದಹನಕೋಣೆಯನ್ನು (ಹೈಪರ್‌ಸಾನಿಕ್ ವೇಗದ ಎಂಜಿನ್‌ನಲ್ಲಿ ಇಂಧನ ಉರಿಯುವ ಭಾಗ) 1,000 ಸೆಕೆಂಡ್‌ಗಿಂತ ಹೆಚ್ಚು ಹೊತ್ತು ಉರಿಸಿದ ಸುದ್ದಿ ಓದಿ ನನಗೆ ಖುಷಿಯಾದದ್ದು ಅದಕ್ಕೇ. ಜನವರಿಯಲ್ಲಿ ಅದು 120 ಸೆಕೆಂಡ್ ಇತ್ತು. ಇಲ್ಲಿ ಹೊತ್ತೇ ಮುಖ್ಯ.

ಸಮಯ ಉಳಿದರೆ ವಾಲ್ಕಿರಿ ನೋಡಿ. ಅದು ಹೈಪರ್‌ಸಾನಿಕ್ ಅಲ್ಲ, ಮ್ಯಾಕ್ 3. ಆದರೂ ಕಥೆ ಅದೇ. 1965ರ ಅಕ್ಟೋಬರ್ 14ರಂದು ಮೊದಲ ಸಲ ಮ್ಯಾಕ್ 3 ಮುಟ್ಟಿದಾಗ ಎಡರೆಕ್ಕೆಯ ಅಂಚಿನ ತುಂಡೊಂದು ಕಿತ್ತು ಹೋಯಿತು. ಜೇನುಗೂಡಿನಂತಹ ಒಳರಚನೆಯ ಸ್ಟೀಲ್ ಹನಿಕೋಂಬ್ ತಗಡನ್ನು ಬೆಸೆದ ಜಾಗ ಬಿಟ್ಟುಕೊಂಡಿತ್ತು. ಆಮೇಲೆ ಈ ವಿಮಾನವನ್ನು ಮ್ಯಾಕ್ 2.5ಕ್ಕೆ ಸೀಮಿತ ಮಾಡಿದರು. ಶೀತಲ ಸಮರದ ಗ್ಯಾಲರಿಯಲ್ಲಿ ಎಸ್ಆರ್-71 ಬೇಹುಗಾರಿಕೆ ವಿಮಾನ ಇದೆ. ಹಾರುವಾಗ ಮೈ ಹಿಗ್ಗುತ್ತದೆ ಅಂತ ಸಂದು ಬಿಟ್ಟು ಕಟ್ಟಿದ ವಿಮಾನ, ನೆಲದ ಮೇಲೆ ನಿಂತಾಗ ಇಂಧನ ತೊಟ್ಟಿಕ್ಕುತ್ತಿತ್ತು.

ಬೋರ್ಡ್‌ಗಳು ಎಲ್ಲರಿಗೂ ಅರ್ಥವಾಗುವ ಹಾಗೆ ಚಿಕ್ಕದಾಗಿವೆ. ಒಳವಿವರ ಬೇಕಾದವರು ಮನೆಯಲ್ಲೇ ಓದಿಕೊಂಡು ಹೋಗಿ. ಎಕ್ಸ್-15 ಬಗ್ಗೆ ನಾಸಾ ವರದಿಗಳು ಉಚಿತವಾಗಿ ಸಿಗುತ್ತವೆ. ಸಸ್ಯಾಹಾರಿಗಳು ಚಿತ್ರಾನ್ನ ಕಟ್ಟಿಕೊಂಡು ಹೋಗಿ ಕಾರಿನಲ್ಲಿ ತಿನ್ನುವುದು ವಾಸಿ, ನಾವು ಹಾಗೇ ಮಾಡಿದೆವು. ವಾರದ ಮಧ್ಯೆ ಹೋದರೆ ನೆಮ್ಮದಿ. ವಯಸ್ಸಾದವರು ಜೊತೆಗಿದ್ದರೆ ಮಧ್ಯೆ ಮಧ್ಯೆ ಕೂರಿಸಿ, ನಡೆಯುವುದು ಬಹಳ ಇದೆ. ಅಪ್ಪ ಮಾತ್ರ ಕೂರಲೇ ಇಲ್ಲ. ಮೂತಿ ಚಕ್ರದ ಹತ್ತಿರದಿಂದ ಬಂದವರು ನೇರ ರಿವೆಟ್ ಸಾಲು ಎಣಿಸಲು ಹೋದರು.