ಜಾತ್ರೆಯಲ್ಲಿ ಕೊಂಡ ನಾಗಮಣಿ: ಎರಡು ತಿಂಗಳ ಬಳಿಕದ ವಿಮರ್ಶೆ

ಈ ವರ್ಷದ ಜಾತ್ರೆಯಲ್ಲಿ 1,100 ರೂಪಾಯಿ ಕೊಟ್ಟು, ನಾಗಮಣಿಯೆಂದು ಮಾರುತ್ತಿದ್ದ ಒಂದು ಕಲ್ಲನ್ನು ಕೊಂಡುತಂದೆ. ಅದು ನಾಗರಹಾವಿನ ಹೆಡೆಯಲ್ಲಿ ಹುಟ್ಟಿದ್ದು, ಕಚ್ಚಿದ ಜಾಗಕ್ಕೆ ಇಟ್ಟರೆ ವಿಷವನ್ನು ಹೀರಿಕೊಂಡು ತಾನಾಗಿಯೇ ಬೀಳುತ್ತದೆ, ಅದಿರುವ ಮನೆಯ ಸುತ್ತ ಹಾವು ಸುಳಿಯುವುದಿಲ್ಲ ಎಂದು ಮಾರುವವರು ಹೇಳಿದ್ದರು. ನಮ್ಮದು ತೋಟದ ನಡುವಿನ ಮನೆ. ಮಳೆಗಾಲದಲ್ಲಿ ಹುಲ್ಲು ಕೊಯ್ಯುವಾಗ, ಸೋಗೆ ಎಳೆಯುವಾಗ ಹಾವಿನ ಭಯ ಇದ್ದೇ ಇರುತ್ತದೆ. ಆದ್ದರಿಂದ ಈ ಕಲ್ಲನ್ನು ಕುತೂಹಲಕ್ಕಿಂತ ಹೆಚ್ಚಾಗಿ ಆಸೆಯಿಂದಲೇ ಕೊಂಡೆ.

ನಾಗಮಣಿಯ ಕಲ್ಪನೆ ನಮ್ಮಲ್ಲಿ ಬಹಳ ಹಳೆಯದು. ತಕ್ಷಕ, ವಾಸುಕಿಯರ ಕುಲದ ಹಾವುಗಳ ಹೆಡೆಯ ತುದಿಯಲ್ಲಿ ನೀಲಿ ಕಾಂತಿಯ ಮುತ್ತುಗಳಿರುತ್ತವೆ ಎಂದು ಆರನೆಯ ಶತಮಾನದ ವರಾಹಮಿಹಿರನೇ ಬರೆದಿದ್ದಾನೆ. ಕತ್ತಲಲ್ಲಿ ಹಾವು ಮಣಿಯನ್ನು ಕೆಳಗಿಟ್ಟು ಅದರ ಬೆಳಕಿನಲ್ಲಿ ಆಹಾರ ಹುಡುಕುತ್ತದೆ ಎಂಬ ಕತೆಯನ್ನು ನಮ್ಮಜ್ಜಿ ಹೇಳುತ್ತಿದ್ದರು. ನಾಗರಪಂಚಮಿಯಂದು ಅಶ್ವತ್ಥಕಟ್ಟೆಯ ನಾಗರಕಲ್ಲಿಗೆ ಹಾಲೆರೆಯುವಾಗ ಆ ಮಣಿಯ ನೆನಪು ನನಗೆ ಇಂದಿಗೂ ಬರುತ್ತದೆ. ಆ ಕತೆಯ ಮೇಲೆ ನನಗೆ ಪ್ರೀತಿಯಿದೆ. ನನ್ನ ತಕರಾರು ಅದರ ಹೆಸರಿನಲ್ಲಿ ಮಾರಾಟವಾಗುವ ವಸ್ತುವಿನ ಬಗ್ಗೆ ಮಾತ್ರ.

ಹಿತ್ತಾಳೆಯ ಪುಟ್ಟ ಭರಣಿಯೊಳಗೆ ಕುಂಕುಮ ಸವರಿದ ಹತ್ತಿಯ ಮೇಲೆ ಕಲ್ಲನ್ನು ಇಟ್ಟುಕೊಟ್ಟಿದ್ದರು. ಹುಣಸೆಬೀಜದಷ್ಟು ಗಾತ್ರ, ಕಪ್ಪು ಬಣ್ಣ, ನಯವಾದ ಮೈ, ಕೈಯಲ್ಲಿ ಹಿಡಿದರೆ ಕಲ್ಲಿಗಿಂತ ಹಗುರ. ಅಂಗಡಿಯಲ್ಲಿ ಹಾಲಿನ ಲೋಟಕ್ಕೆ ಹಾಕಿದಾಗ ಸಣ್ಣ ಗುಳ್ಳೆಗಳ ಸಾಲು ಮೇಲೆದ್ದಿತ್ತು, ಹೀರಿದ ವಿಷ ಹೊರಬರುವುದು ಹೀಗೆಯೇ ಎಂದು ವಿವರಿಸಿದ್ದರು. ಮನೆಯಲ್ಲಿ ಚೆನ್ನಾಗಿ ಒಣಗಿಸಿ ಬರೀ ನೀರಿಗೆ ಹಾಕಿದೆ. ಅದೇ ಗುಳ್ಳೆಗಳು ಬಂದವು. ಒದ್ದೆ ತುಟಿಗೆ ತಾಗಿಸಿದರೆ ಅಂಟಿಕೊಂಡಿತು, ಬಿಡಿಸಲು ಸ್ವಲ್ಪ ಎಳೆಯಬೇಕಾಯಿತು. ಒಂದು ಅಂಚನ್ನು ಅರದಿಂದ ಉಜ್ಜಿದಾಗ ಒಳಗೆ ಸೂಜಿಮೊನೆಯಷ್ಟು ಸಣ್ಣ ರಂಧ್ರಗಳು ಕಂಡವು. ಗುಳ್ಳೆಗಳಾಗಿ ಹೊರಬಂದದ್ದು ಅವುಗಳೊಳಗಿನ ಗಾಳಿ.

ವಿಷದ ಕಲ್ಲು ಎಂಬ ಹೆಸರಿನಲ್ಲಿ ಸಿಗುವ ಇಂಥ ಕಪ್ಪು ಕಲ್ಲುಗಳನ್ನು ಸಾಮಾನ್ಯವಾಗಿ ದನದ ಮೂಳೆಯನ್ನು ಕತ್ತರಿಸಿ, ನುಣುಪು ಮಾಡಿ, ಸುಟ್ಟು ತಯಾರಿಸುತ್ತಾರೆ. ನನ್ನ ಕೈಯಲ್ಲಿರುವುದೂ ಅದೇ ಎಂಬುದರಲ್ಲಿ ನನಗೆ ಸಂಶಯವಿಲ್ಲ. ಸುಟ್ಟ ಮೂಳೆಯ ರಂಧ್ರಗಳು ರಕ್ತದ ತೇವವನ್ನು ಎಳೆದುಕೊಳ್ಳುವುದರಿಂದ ಅದು ಗಾಯಕ್ಕೆ ಕಚ್ಚಿಕೊಳ್ಳುತ್ತದೆ, ರಂಧ್ರಗಳು ತುಂಬಿದ ಮೇಲೆ ಕಳಚಿ ಬೀಳುತ್ತದೆ. ಆದರೆ ಹಾವಿನ ಹಲ್ಲು ವಿಷವನ್ನು ಚರ್ಮದ ಅಡಿಗೆ ಇಳಿಸಿರುತ್ತದೆ. ಅಲ್ಲಿಂದ ಅದು ದೇಹದೊಳಗೆ ಹರಡುತ್ತಾ ಹೋಗುವಾಗ, ಮೇಲೆ ಅಂಟಿಕೊಂಡ ಮೂಳೆಯ ಚೂರು ಅದನ್ನು ಮರಳಿ ಎಳೆದುಕೊಳ್ಳಲಾರದು. ಹೆಡೆಯಲ್ಲಿ ಮಣಿಯಿರುವ ಹಾವು ಕೂಡ ಯಾವುದೂ ಇಲ್ಲ. ಹೆಡೆಯ ಚರ್ಮವನ್ನು ಸೀಳಿ ಕಲ್ಲನ್ನು ಮೊದಲೇ ತುರುಕಿ, ಜನರೆದುರು ಅದನ್ನು ಹೊರತೆಗೆದು ತೋರಿಸುವ ಮೋಸವೂ ಇದೆ. ಹಾವಿಗೆ ಅದು ಘೋರ ಹಿಂಸೆ.

ಹಾಗಾದರೆ ಕಲ್ಲಿನಿಂದ ಬದುಕಿದವರ ಮಾತು ಸುಳ್ಳೇ? ಅವರು ಸುಳ್ಳು ಹೇಳುತ್ತಿಲ್ಲ. ನಮ್ಮ ಅಜ್ಜನ ಕಾಲದಲ್ಲಿ ಆಳೊಬ್ಬರಿಗೆ ಹಾವು ಕಚ್ಚಿದಾಗ ಇಂಥದೇ ಕಲ್ಲು ಇಟ್ಟಿದ್ದರಂತೆ, ಅವರು ಮರುದಿನವೇ ಕೆಲಸಕ್ಕೆ ಬಂದರಂತೆ. ನಮ್ಮ ಸುತ್ತಲಿನ ಹೆಚ್ಚಿನ ಹಾವುಗಳಿಗೆ ಪ್ರಾಣ ತೆಗೆಯುವ ವಿಷವಿಲ್ಲ. ವಿಷದ ಹಾವು ಕೂಡ ಕೆಲವೊಮ್ಮೆ ವಿಷ ಬಿಡದೆ ಕಚ್ಚುತ್ತದೆ. ಆಗ ಬದುಕಿಕೊಂಡವರು ಕಲ್ಲಿಗೆ ಕೈಮುಗಿಯುತ್ತಾರೆ. ಆ ನಂಬಿಕೆಯಲ್ಲೇ, ಕೊಳಕುಮಂಡಲವೋ ಕಟ್ಟುಹಾವೋ ಕಚ್ಚಿದ ದಿನ ಕಲ್ಲು ಬೀಳುವುದನ್ನೇ ಕಾಯುತ್ತಾ ಕುಳಿತರೆ ಆಸ್ಪತ್ರೆ ಸೇರಬೇಕಾದ ಹೊತ್ತು ಮೀರಿಹೋಗುತ್ತದೆ. 2000ರಿಂದ 2019ರವರೆಗೆ ಭಾರತದಲ್ಲಿ ವರ್ಷಕ್ಕೆ ಸರಾಸರಿ 58,000 ಜನ ಹಾವು ಕಡಿತದಿಂದ ಸತ್ತಿದ್ದಾರೆಂಬ ಅಂದಾಜಿದೆ. ಕರ್ನಾಟಕ ಸರ್ಕಾರ 2024ರಲ್ಲಿ ಹಾವು ಕಡಿತವನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಪ್ರಕರಣಗಳ ಪಟ್ಟಿಗೆ ಸೇರಿಸಿದ್ದು ಸುಮ್ಮನೆ ಅಲ್ಲ.

ಹಾವು ಸುಳಿಯುವುದಿಲ್ಲ ಎಂಬ ಭರವಸೆಯೂ ನಿಲ್ಲಲಿಲ್ಲ. ಕಲ್ಲು ತಂದ ಮೂರನೆಯ ವಾರದಲ್ಲಿ ಬಚ್ಚಲಿನ ಸೌದೆ ರಾಶಿಯಲ್ಲಿಯೇ ನಾಗರಹಾವು ಕಾಣಿಸಿಕೊಂಡಿತು.

ಹಿತ್ತಾಳೆಯ ಭರಣಿಯ ಕೆಲಸ ಅಚ್ಚುಕಟ್ಟಾಗಿದೆ, ಅದಕ್ಕೆ ಇನ್ನೂರು ರೂಪಾಯಿ ಕೊಡಬಹುದು. ಪೂಜೆಗೆಂದು ಕೊಳ್ಳುವವರು, ಇದು ದನದ ಮೂಳೆಯಾಗಿರಬಹುದೆಂದು ತಿಳಿದೇ ಕೊಳ್ಳಲಿ. ಔಷಧಿಯೆಂದು ಕೊಳ್ಳುವವರಿಗೆ ಇದನ್ನು ಕೊಳ್ಳಿ ಎಂದು ನಾನು ಖಂಡಿತ ಹೇಳಲಾರೆ. ಹಾವು ಕಚ್ಚಿದರೆ ಬಿಗಿಯಾಗಿ ಕಟ್ಟದೆ, ಕೊಯ್ಯದೆ, ಕಚ್ಚಿದ ಕೈಕಾಲನ್ನು ಅಲುಗಾಡಿಸದೆ 108ಕ್ಕೆ ಕರೆ ಮಾಡಿ ಆಸ್ಪತ್ರೆಗೆ ಹೋಗಬೇಕು. ವಿಷವನ್ನು ತಡೆಯುವ ಪ್ರತಿವಿಷದ ಚುಚ್ಚುಮದ್ದು ಅಲ್ಲಿದೆ. ಕಲ್ಲನ್ನು ದೇವರ ಕೋಣೆಯಿಂದ ತೆಗೆದು, ಮಕ್ಕಳಿಗೆ ಗುಳ್ಳೆಗಳ ಕಾರಣವನ್ನು ನೀರಿನ ಲೋಟದಲ್ಲಿ ತೋರಿಸಲೆಂದು ಮೇಜಿನ ಮೇಲೆ ಇಟ್ಟಿದ್ದೇನೆ.